ಮಾವ ಪಾಸಾದರು

ಊರಿಗೆ ಉಪಕಾರಿ, ಮನೆಗೆ ಮಾರಿ ಅನ್ನೋ ಗಾದೆಯನ್ನು ಅತ್ತೆ ಬದುಕಿರುವವರೆಗೂ ದಿನಕ್ಕೊಂದು ಸಲವಾದರೂ ಮಾವನ ಮೇಲೆ ಪ್ರಯೋಗಿಸುತ್ತಿದ್ದರು. ಸುಮ್ಮಸುಮ್ಮನೆ ಅಲ್ಲ. ಮಾವ ರೈಲ್ವೆ ಸ್ಟೇಷನ್ನಿನ ವಿಚಾರಣೆ ಕೌಂಟರಿನಲ್ಲಿ ಕೂತು ಕೂದಲು ನೆರೆಸಿಕೊಂಡವರು. ಗಾಜಿನ ಆಚೆ ಯಾರೇ ಬರಲಿ, ಏನೇ ಕೇಳಲಿ, ಕೇಳಿ ಮುಗಿಸುವುದರೊಳಗೆ ಉತ್ತರ. ಗಾಡಿ ಎಷ್ಟು ತಡ, ಯಾವ ಪ್ಲಾಟ್‌ಫಾರ್ಮು, ಕುಡಿಯುವ ನೀರು ಎಲ್ಲಿ, ಕಳೆದುಹೋದ ಮಗುವನ್ನು ಎಲ್ಲಿ ಕೂರಿಸಿದ್ದಾರೆ, ಎಲ್ಲ ನಾಲಿಗೆಯ ತುದಿಯಲ್ಲಿ. ಮನೆಗೆ ಬಂದರೆ ಮಾತ್ರ ಬಾಯಿಗೆ ಬೀಗ. "ಬಡಿಸಲಾ?" ಅಂದರೆ "ಹೂಂ." "ನಾಳೆ ರಜಾನಾ?" ಅಂದರೆ "ಹೂಂ." "ನಾನೇನು ಕೇಳಿದೆ ಹೇಳಿ ನೋಡೋಣ" ಅಂದರೆ ಅದಕ್ಕೂ "ಹೂಂ." ಒಂದು ಸಲ ಅತ್ತೆಗೆ ರೇಗಿಹೋಗಿ, ಹೊರಗೆ ಹೋಗಿ ಕಿಟಕಿಯಿಂದ ಇಣುಕಿ, "ಸ್ವಾಮಿ, ಈ ಮನೆ ಯಜಮಾನರು ಎಷ್ಟು ಹೊತ್ತಿಗೆ ಬರ್ತಾರೆ?" ಅಂತ ಕೇಳಿದರಂತೆ. ಮಾವ ಪೇಪರಿನಿಂದ ತಲೆ ಎತ್ತದೆ, "ಬಂದಾಯ್ತಮ್ಮ, ಒಳಗಿದ್ದಾರೆ, ಸ್ವಲ್ಪ ಕಾಯಿರಿ" ಅಂದರಂತೆ.

ಈ ಕತೆಯನ್ನು ಸೊಸೆಗೆ ಹೇಳಿದ್ದು ಅತ್ತೆಯೇ. ಹೇಳುವಾಗ ಅತ್ತೆಯೂ ನಕ್ಕಿದ್ದರು, ಸೊಸೆಯೂ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದಳು. ಒಳ್ಳೆಯ ದಿನಗಳು ಅವು.

ಅತ್ತೆ ಈಗಿಲ್ಲ. ಅತ್ತೆಯ ಮಗ, ಅಂದರೆ ಇವಳ ಗಂಡ, ಅವನೂ ಇಲ್ಲ. ಎದೆ ಹಿಡಿದುಕೊಂಡ ಹಾಗಿದೆ ಅಂತ ತನ್ನ ಕಾಲಲ್ಲೇ ಆಸ್ಪತ್ರೆಗೆ ನಡೆದು ಹೋದವನು ನಡೆದು ವಾಪಸ್ ಬರಲಿಲ್ಲ. ಉಳಿದವರು ಮಾವ ಮತ್ತು ಸೊಸೆ, ಇಬ್ಬರೇ. "ನಿನಗೇನು ಮಹಾ ವಯಸ್ಸಾಗಿದೆ, ತವರಿಗೆ ಬಂದುಬಿಡು" ಅಂತ ಅವಳ ಅಣ್ಣ ಫೋನು ಮಾಡಿ ಮಾಡಿ ಸುಸ್ತಾದ. ಅವಳು ಹೋಗಲಿಲ್ಲ. ಮಾವನ ಮೇಲೆ ಅಷ್ಟು ಪ್ರೀತಿಯಾ ಅಂದರೆ, ಹೌದು, ಪ್ರೀತಿಯೇ, ಅದಕ್ಕೆ ಬೇರೆ ಹೆಸರು ಹುಡುಕುವುದು ಯಾಕೆ? ಮದುವೆಯಾದ ಹೊಸದರಲ್ಲಿ ಅವಳು ಡ್ರೈವಿಂಗ್ ಕಲಿಯುತ್ತೇನೆ ಅಂದಾಗ ಮನೆಮಂದಿಯೆಲ್ಲ ನಕ್ಕಿದ್ದರು. ನಗದೆ "ಹೂಂ" ಅಂದವರು ಮಾವ ಒಬ್ಬರೇ. ಆ ಒಂದು ಹೂಂ ಅವಳ ಜೀವನ ಆಯಿತು.

ಈಗ ಅವಳು ಡ್ರೈವಿಂಗ್ ಸ್ಕೂಲಿನಲ್ಲಿ ಟೀಚರ್. ಕಲಿಯುವವರ ಪಕ್ಕದ ಸೀಟಿನಲ್ಲಿ ಕೂರುತ್ತಾಳೆ, ಅವಳ ಕಾಲಡಿಯಲ್ಲೂ ಒಂದು ಬ್ರೇಕ್ ಇರುತ್ತದೆ. ಕಲಿಯುವವನು ಲಾರಿಯ ಬುಡಕ್ಕೆ ನುಗ್ಗಲಿ, ಹಾಲಿನ ಅಂಗಡಿಗೆ ನುಗ್ಗಲಿ, ಇವಳು ಮಾತು ನಿಲ್ಲಿಸದೆ ಕಾಲು ಒತ್ತುತ್ತಾಳೆ, ಗಾಡಿ ಗಕ್ಕಂತ ನಿಲ್ಲುತ್ತದೆ. ಬೆನ್ನ ಹಿಂದೆ ಎಲ್ಲರೂ ಅವಳನ್ನು ಬ್ರೇಕಮ್ಮ ಅನ್ನುತ್ತಾರೆ. ಅವಳಿಗೆ ಗೊತ್ತು, ಬೇಜಾರಿಲ್ಲ. ಬ್ರೇಕಮ್ಮನ ಕೈಯಲ್ಲಿ ಕಲಿತವರು ಲೈಸೆನ್ಸ್ ಟೆಸ್ಟಿನಲ್ಲಿ ಫೇಲಾಗುವುದಿಲ್ಲ ಅನ್ನುವುದೂ ಅಷ್ಟೇ ಪ್ರಸಿದ್ಧ. ಗಾಡಿ ಓಡಿಸೋಕೆ ಕಲಿಸುವುದು ಬೇರೆ, ಪಾಸು ಮಾಡಿಸುವುದು ಬೇರೆ. "ಕನ್ನಡಿ ನೋಡೋವಾಗ ಬರೀ ಕಣ್ಣು ಹೊರಳಿಸಿದ್ರೆ ಇನ್ಸ್‌ಪೆಕ್ಟರಿಗೆ ಕಾಣ್ಸಲ್ಲಪ್ಪ, ಕತ್ತು ತಿರುಗ್ಸು. ನೀನು ನೋಡೋದು ಮುಖ್ಯ ಅಲ್ಲ, ನೋಡಿದ್ದು ಅವರಿಗೆ ಕಾಣೋದು ಮುಖ್ಯ" ಅಂತ ಪಾಠ ಮಾಡುತ್ತಾಳೆ. ಈ ಪಾಠವೇ ಆಮೇಲೆ ಅವಳ ಮನೆ ಹಾಳು ಮಾಡಿದ್ದು.

ಮಾವನಿಗೆ ಮರೆವಿನ ರೋಗ. ಬರೀ ಕನ್ನಡಕ ಎಲ್ಲಿಟ್ಟೆ ಅನ್ನುವ ಮರೆವಲ್ಲ. ಟೀ ಲೋಟ ಕೈಗೆ ಕೊಟ್ಟರೆ ಇದನ್ನೇನು ಮಾಡಬೇಕು ಅಂತ ನೋಡುತ್ತಾ ನಿಲ್ಲುತ್ತಾರೆ. ಬಚ್ಚಲು ಅಂತ ಬಟ್ಟೆ ಬೀರುವಿನ ಬಾಗಿಲು ತೆಗೆಯುತ್ತಾರೆ. ಗ್ಯಾಸ್ ತಿರುಗಿಸಿ ಬೆಂಕಿ ಹಚ್ಚದೆ ಬಂದು ಕೂತ ದಿನ ಇಡೀ ಮನೆ ಬೂದಿಯಾಗದೇ ಇದ್ದದ್ದು ಪುಣ್ಯ. ಒಮ್ಮೆ "ಡ್ಯೂಟಿಗೆ ಹೊತ್ತಾಯ್ತು" ಅಂತ ಬರಿಗಾಲಲ್ಲಿ ಹೊರಟುಹೋಗಿ, ಸ್ಟೇಷನ್ನಿಗೆ ಅಲ್ಲ, ಯಾವುದೋ ಪೇಂಟ್ ಅಂಗಡಿಯ ಮೆಟ್ಟಿಲ ಮೇಲೆ ಸಿಕ್ಕಿದ್ದರು. ಇದೆಲ್ಲಕ್ಕಿಂತ ಸೊಸೆಗೆ ಕಷ್ಟದ್ದು ಇನ್ನೊಂದು. ದಿನಾ ಸಂಜೆ ಬಾಗಿಲು ನೋಡಿ, "ಅವನು ಬಂದನಾ?" ಅನ್ನುತ್ತಾರೆ. ಮಗನನ್ನು. ಮೊದಮೊದಲು ಅವಳು ನಿಜ ಹೇಳಿದಳು. ಹೇಳಿದಾಗಲೆಲ್ಲ ಮುದುಕನಿಗೆ ಅದು ಹೊಸ ಸುದ್ದಿ, ಹೊಸ ಅಳು. ಆಮೇಲೆ "ಬರ್ತಾನೆ ಮಾವ, ನೀವು ಊಟ ಮಾಡಿ" ಅನ್ನುವುದನ್ನು ಕಲಿತಳು. ಹಾಗೆ ಹೇಳಿ ಅಡುಗೆಮನೆಗೆ ಹೋಗಿ ನಲ್ಲಿ ಬಿಟ್ಟುಕೊಂಡು ನಿಲ್ಲುತ್ತಾಳೆ.

ಇದೆಲ್ಲದರ ನಡುವೆ ಅವಳು ಕೆಲಸಕ್ಕೆ ಹೋಗಲು ಆಗುತ್ತಿದ್ದದ್ದು ಬೆಳಗಿನಕ್ಕನಿಂದ. ಸರ್ಕಾರದ ಆರೈಕೆ ಇಲಾಖೆ ಇಂಥ ಮನೆಗಳಿಗೆ ಸಹಾಯಕ್ಕೆ ಜನ ಕಳಿಸುತ್ತದೆ. ಬೆಳಿಗ್ಗೆ ಸೊಸೆ ಚಪ್ಪಲಿ ಮೆಟ್ಟುವ ಹೊತ್ತಿಗೆ ಆಕೆ ಬರುತ್ತಿದ್ದಳು, ಅದಕ್ಕೇ ಬೆಳಗಿನಕ್ಕ. ಮಾವನಿಗೆ ಸ್ನಾನ ಮಾಡಿಸಿ, ಉಣ್ಣಿಸಿ, ಅವರ ಹಿಂದೆ ಹಿಂದೆ ಸುತ್ತಿ, ಸೊಸೆ ಬಂದ ಮೇಲೆ ಹೋಗುತ್ತಿದ್ದಳು. ದಪ್ಪನೆಯ, ಗಟ್ಟಿ ಗಂಟಲಿನ ಹೆಂಗಸು. "ಯಜಮಾನ್ರೇ, ಎಡಗೈ ಯಾವುದು? ಅದಲ್ಲ ನನ್ ರಾಜ, ಅದು ನಂದು!" ಅಂತ ಅಂಗಿ ತೊಡಿಸುವುದು ಮೆಟ್ಟಿಲ ತನಕ ಕೇಳಿಸುತ್ತಿತ್ತು. ಅವಳಿರುವವರೆಗೆ ಬ್ರೇಕಮ್ಮನ ಕಾಲು ನೆಮ್ಮದಿಯಾಗಿತ್ತು.

ಹೀಗಿರುವಾಗ ಇಲಾಖೆಯಿಂದ ಫೋನಿಗೊಂದು ಸಂದೇಶ ಬಂತು. ಇನ್ನು ಮುಂದೆ ಯಾರಿಗೆ ಎಷ್ಟು ಹೊತ್ತಿನ ಸಹಾಯ ಅನ್ನುವುದನ್ನು ಅಧಿಕಾರಿಗಳು ನೋಡಿ ತೀರ್ಮಾನಿಸುವುದಿಲ್ಲ. ಮನೆಗೆ ಒಬ್ಬರು ಬಂದು ಪರೀಕ್ಷೆ ಮಾಡುತ್ತಾರೆ, ಉತ್ತರಗಳನ್ನು ಕಂಪ್ಯೂಟರಿಗೆ ತುಂಬುತ್ತಾರೆ, ಕಂಪ್ಯೂಟರ್ ಅಂಕ ಕೊಟ್ಟು ತೀರ್ಮಾನ ಮಾಡುತ್ತದೆ. ಯಾರ ಮುಖ ನೋಡಿಯೂ ಮಣೆ ಹಾಕುವುದಿಲ್ಲ, ಎಲ್ಲರಿಗೂ ಒಂದೇ ನ್ಯಾಯ. ಓದಿದರೆ ಒಳ್ಳೆಯದೇ ಅನ್ನಿಸುತ್ತದೆ. ಆದರೆ ಅಂಕ ಹೆಚ್ಚು ಬಂದರೆ ಒಳ್ಳೆಯದೋ ಕಡಿಮೆ ಬಂದರೆ ಒಳ್ಳೆಯದೋ, ಅದನ್ನು ಮಾತ್ರ ಅದರಲ್ಲಿ ಎಲ್ಲೂ ಹೇಳಿರಲಿಲ್ಲ.

ಪರೀಕ್ಷೆ, ಅಂಕ ಅಂದ ಮೇಲೆ ನಾವು ಏನು ತಿಳಿದುಕೊಳ್ಳುತ್ತೇವೆ? ಮೇಲಿನ ಮನೆಯಾಕೆ ಬೇರೆ ಬಂದು ಒಗ್ಗರಣೆ ಹಾಕಿದಳು. "ತೀರಾ ಆಗದೇ ಇರೋರನ್ನ ಮನೇಲಿ ಬಿಡಲ್ವಂತೆ ಕಣೇ. ನೋಡ್ಕೊಳ್ಳೋರು ಸರಿಯಿಲ್ಲ ಅಂತ ಬರ್ದು, ಎತ್ತಾಕ್ಕೊಂಡು ಹೋಗಿ ದೊಡ್ಡ ಕೇಂದ್ರದಲ್ಲಿ ಹಾಕ್ತಾರಂತೆ. ನಮ್ಮ ಚಿಕ್ಕಮ್ಮನ ಓರಗಿತ್ತೀನ ಹಾಗೇ ಮಾಡಿದ್ರು." ಆ ಓರಗಿತ್ತಿಯನ್ನು ಯಾರೂ ಕಂಡವರಿಲ್ಲ. ಆದರೆ ಸೊಸೆಯ ಎದೆಗೆ ಕಲ್ಲು ಬಿತ್ತು. ಅವತ್ತು ಸಂಜೆಯೇ ಅವಳು ಮಾವನನ್ನು ಟೆಸ್ಟಿಗೆ ತಯಾರು ಮಾಡಲು ಕೂತಳು.

"ಮಾವ, ಇವತ್ತು ಯಾವ ವಾರ?"

"ಹೂಂ."

"ಸೋಮವಾರ. ಹೇಳಿ, ಸೋಮವಾರ. ಈಗ ಯಾವ ತಿಂಗಳು?"

"ನಿನಗೆ ಗೊತ್ತಿಲ್ವಾ?"

"ನನಗೆ ಗೊತ್ತು ಮಾವ. ನೀವು ಹೇಳಿ."

"ಗೊತ್ತಿದ್ಮೇಲೆ ಯಾಕೆ ಕೇಳ್ತೀಯಾ? ಅವನು ಬಂದನಾ?"

ದಿನಾ ಇದೇ. ಹೊಳೆಯಲ್ಲಿ ಹುಣಸೆಹಣ್ಣು ಕಿವುಚಿದ ಹಾಗೆ. ಬೆಳಗಿನಕ್ಕ ಒಂದೆರಡು ದಿನ ನೋಡಿ, ಸೊಂಟಕ್ಕೆ ಕೈಯಿಟ್ಟು ಹೇಳಿಯೂ ಹೇಳಿದಳು. "ಯಾಕಮ್ಮ ಆ ಜೀವಾನ ಗೋಳು ಹುಯ್ಕೋತೀಯಾ? ಹೇಗಿದ್ದಾರೋ ಹಾಗೇ ನೋಡಿಕೊಂಡು ಹೋಗ್ಲಿ ಬಿಡು."

"ನಮ್ಮ ಮಾವನ್ನ ಯಾರೂ ಫೇಲು ಅನ್ನಬಾರದು ಅಕ್ಕಾ" ಅಂದಳು ಸೊಸೆ. ಬೆಳಗಿನಕ್ಕ ತನ್ನ ಚೀಲ ಎತ್ತಿಕೊಂಡು ಮನೆಗೆ ಹೊರಟಳು.

ಪರೀಕ್ಷೆಯ ದಿನ ಮನೆ ಫಳಫಳ ಹೊಳೆಯಿತು. ನೆಲ ಒರೆಸಿ, ಹಾಸಿಗೆಯ ರಬ್ಬರ್ ಶೀಟು ಎತ್ತಿ ಬೀರುವಿನಲ್ಲಿ ಅಡಗಿಸಿ, ಮಾವನಿಗೆ ಗಡ್ಡ ಬೋಳಿಸಿ, ಇಸ್ತ್ರಿ ಮಾಡಿದ ಅಂಗಿ ತೊಡಿಸಿ ಕಿಟಕಿಯ ಪಕ್ಕ ಮೇಜಿಗೆ ಕೂರಿಸಿದ್ದಾಯಿತು. ಬಂದವಳು ತೆಳ್ಳನೆಯ ಹುಡುಗಿ, ಕೊರಳಿಗೆ ಗುರುತಿನ ಚೀಟಿ, ಕೈಯಲ್ಲಿ ಟ್ಯಾಬು. ಮೆಟ್ಟಿಲು ಹತ್ತಿ ಏದುಸಿರು ಬಿಡುತ್ತಾ ಮಾವನ ಎದುರು ಕೂತು, "ನಮಸ್ಕಾರ ಸರ್, ನಿಮ್ಮನ್ನ ಕೆಲವು ಪ್ರಶ್ನೆ ಕೇಳಬಹುದಾ?" ಅಂದಳು.

ಮೇಜಿನ ಆಚೆ ಒಂದು ಅಪರಿಚಿತ ಮುಖ. ಪ್ರಶ್ನೆ. ಮಾವ ನೆಟ್ಟಗೆ ಕೂತರು. ಕಣ್ಣಿಗೆ ಎಲ್ಲಿಂದಲೋ ಬೆಳಕು ಬಂತು.

"ಕೇಳಿ ಮೇಡಂ."

"ಇವತ್ತು ಯಾವ ವಾರ ಸರ್?"

"ಬುಧವಾರ."

"ನಾವೀಗ ಎಲ್ಲಿದ್ದೀವಿ?"

"ನಮ್ಮ ಮನೇಲಿ. ಎರಡನೇ ಮಹಡಿ. ಲಿಫ್ಟ್ ಕೆಟ್ಟಿದೆ, ನಿಮಗೆ ತೊಂದ್ರೆ ಆಯ್ತು ಅನ್ಸುತ್ತೆ."

ಹುಡುಗಿ ನಕ್ಕಳು. ಕುರ್ಚಿ, ಮೋಡ, ಬೀಗ ಅಂತ ಮೂರು ಪದ ಹೇಳಿ ನೆನಪಿಟ್ಟುಕೊಳ್ಳಿ ಅಂದಳು. ಗಡಿಯಾರ ಬಿಡಿಸಿ ಅಂದಳು. ಮಾವ ಗುಂಡಗೆ ಬಿಡಿಸಿ, ಮುಳ್ಳುಗಳನ್ನೂ ಇಟ್ಟು, "ಇದು ನಮ್ಮ ಸ್ಟೇಷನ್ ಗಡಿಯಾರ, ಯಾವಾಗಲೂ ಸ್ವಲ್ಪ ಮುಂದೆ ಇಟ್ಟಿರ್ತಿದ್ವಿ, ಜನ ಗಾಡಿ ತಪ್ಪಿಸಿಕೊಳ್ಳಬಾರದು ನೋಡಿ" ಅಂದರು. ಮೂರು ಪದ ಕೇಳಿದರೆ ಮೂರೂ ಬಂದವು. ಅಂಗಿಯ ಗುಂಡಿ ಬಿಚ್ಚಿ ಹಾಕಿ ಅಂದರೆ ಬಿಚ್ಚಿ ಹಾಕಿದರು. ಬಚ್ಚಲು ಎಲ್ಲಿ ಅಂದರೆ, "ನೇರ ಹೋಗಿ ಎಡಕ್ಕೆ ತಿರುಗಿ" ಅಂತ ಕೈ ತೋರಿಸಿದರು. ಸೊಸೆ ಬಾಗಿಲ ಹತ್ತಿರ ನಿಂತು ಒಂದೊಂದು ಉತ್ತರಕ್ಕೂ ತಲೆ ಆಡಿಸುತ್ತಿದ್ದಳು. ಮಗನಿಗೆ ರ‍್ಯಾಂಕ್ ಬಂದ ತಾಯಿಯ ಹಾಗೆ ಅವಳ ಮುಖ ಅರಳಿತ್ತು.

"ಮಕ್ಕಳೆಷ್ಟು ಸರ್?"

"ಒಬ್ಬನೇ ಮಗ ಮೇಡಂ. ಹೋಗಿಬಿಟ್ಟ. ಎದೆನೋವು ಬಂದು." ಮಾವ ಅಂಗಿಯ ತೋಳು ಸರಿಮಾಡಿಕೊಂಡು, "ಇನ್ನೇನು ಕೇಳಬೇಕು?" ಅಂದರು.

ಸೊಸೆಯ ಕೈ ಬಾಗಿಲ ಚೌಕಟ್ಟನ್ನು ಹಿಡಿಯಿತು. ಹಾಗಾದರೆ ಇವರಿಗೆ ಗೊತ್ತಿದೆ. ಒಳಗೆಲ್ಲೋ ಗೊತ್ತಿದೆ. ಹೊರಗಿನವರು ಕೇಳಿದರೆ ಗೊತ್ತು.

ಆಮೇಲೆ ಹುಡುಗಿ ಅವಳ ಕಡೆ ತಿರುಗಿದಳು. ಎಲ್ಲ ಮಾವನ ಎದುರಿಗೇ. "ಬಟ್ಟೆಯಲ್ಲಿ ಮೂತ್ರ ಆಗುತ್ತಾ ಮೇಡಂ? ಯಾವಾಗಲೂ, ಆಗಾಗ, ಅಪರೂಪಕ್ಕೆ, ಇಲ್ಲ?" ಇಸ್ತ್ರಿ ಅಂಗಿ ಹಾಕಿಕೊಂಡು ಕೂತ ಹಿರಿಯರ ಎದುರು, ಅದೂ ಈಗಷ್ಟೇ ಎಲ್ಲದರಲ್ಲೂ ಪಾಸಾದವರ ಎದುರು, ಹೌದು ಇವರು ಹಾಸಿಗೆ ಒದ್ದೆ ಮಾಡಿಕೊಳ್ಳುತ್ತಾರೆ ಅಂತ ಯಾವ ಸೊಸೆಯ ನಾಲಿಗೆ ಹೊರಳೀತು, ನೀವೇ ಹೇಳಿ. "ಅಪರೂಪಕ್ಕೆ" ಅಂದಳು. ಮನೆ ಬಿಟ್ಟು ಹೋಗ್ತಾರಾ? "ಅಪರೂಪಕ್ಕೆ." ಗ್ಯಾಸ್, ಬೆಂಕಿ? "ಇಲ್ಲ ಇಲ್ಲ." ಬೆಳಗಿನಕ್ಕ ಅಡುಗೆಮನೆಯಲ್ಲಿ ಪಾತ್ರೆಯೊಂದನ್ನು ದಡಾರನೆ ಕೆಳಗಿಟ್ಟಳು. ಸೊಸೆ ಅತ್ತ ತಿರುಗಿ ನೋಡಲಿಲ್ಲ.

ಹುಡುಗಿ ಹೋದ ಮೇಲೆ ಮಾವ ಬಾಗಿಲು ನೋಡುತ್ತಾ ಕೂತರು. "ಯಾವ ಗಾಡಿಗೆ ಹೋದಳು?" ಅಂದರು. ಕಣ್ಣಿನ ಬೆಳಕು ಆರಿಹೋಗಿತ್ತು. ಕುರ್ಚಿಯ ಕೆಳಗೆ ನೀರು ಹರಿಯುತ್ತಿತ್ತು, ಅದು ಅವರಿಗೆ ಗೊತ್ತಿರಲಿಲ್ಲ. ಆದರೂ ಸೊಸೆ ಅವರ ತಲೆ ನೇವರಿಸಿ, "ಪಾಸಾದ್ರಿ ಮಾವ, ಫಸ್ಟ್ ಕ್ಲಾಸು" ಅಂತ ನಕ್ಕಳು. "ಹೂಂ" ಅಂದರು ಮಾವ.

ಉತ್ತರ ಬಂದದ್ದು ಫೋನಿಗೆ. ಮೊದಲ ಪದವೇ ಅಭಿನಂದನೆಗಳು. "ನಿಮ್ಮ ಕುಟುಂಬದ ಸದಸ್ಯರು ಸ್ವಾವಲಂಬಿ ಎಂದು ಕಂಡುಬಂದಿರುತ್ತದೆ. ಸದರಿಯವರಿಗೆ ನೀಡಲಾಗುತ್ತಿದ್ದ ಮನೆ ಸಹಾಯವನ್ನು ಈ ತಿಂಗಳ ಕೊನೆಗೆ ನಿಲ್ಲಿಸಲಾಗುವುದು." ಸೊಸೆ ಅದನ್ನು ಓದಿದ್ದು ಗಾಡಿಯಲ್ಲಿ, ಕಲಿಯುವವನು ರಿವರ್ಸ್ ತೆಗೆಯುತ್ತಿದ್ದಾಗ. ಹಿಂದಿನ ಕಂಬ ಧಡ್ ಅಂದಾಗಲೇ ಅವಳು ತಲೆ ಎತ್ತಿದ್ದು. ಬ್ರೇಕಮ್ಮನ ಗಾಡಿಗೆ ಏಟು ಬಿದ್ದದ್ದು ಅದೇ ಮೊದಲು.

ಬೆಳಗಿನಕ್ಕನ ಕೊನೆಯ ದಿನ ಬಂದೇ ಬಂತು. ಆಕೆ ಬೈಯಲಿಲ್ಲ, ನಾನು ಮೊದಲೇ ಹೇಳಿರಲಿಲ್ವಾ ಅನ್ನಲಿಲ್ಲ. ಮಾವನ ಕಾಲಿಗೆ ಎಣ್ಣೆ ತಿಕ್ಕಿ, ಉಗುರು ಕತ್ತರಿಸಿ, "ಹೋಗ್ಬರ್ತೀನಿ ಯಜಮಾನ್ರೇ" ಅಂದಳು. ಬಾಗಿಲಲ್ಲಿ ಸೊಸೆಯ ಕೈ ಹಿಡಿದು ಒಂದು ಮಾತು ಹೇಳಿದಳು. "ನೋಡಮ್ಮ, ನಾನು ಬಂದ ಮೊದಲ ವಾರ ನನ್ನ ಹತ್ರಾನೂ ಎಲ್ಲ ಸರಿಯಾಗೇ ಮಾತಾಡಿದ್ರು. ನಾನು ಮನೆಯವಳಾದೆ, ಹೂಂ ಶುರುವಾಯ್ತು. ಅವರಿಗೆ ಪ್ರಶ್ನೆ ಕೇಳೋದು ನೀನಾಗ್ಬೇಕು, ಆ ಹುಡುಗಿ ಅಲ್ಲ. ಆಗ ಗೊತ್ತಾಗುತ್ತೆ ಇಲಾಖೆಯವರಿಗೆ." ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು ಅನ್ನುತ್ತಾರಲ್ಲ, ಹಾಗೆ.

ಸೊಸೆ ರಜೆ ಹಾಕಿ ಮಾವನನ್ನು ಕರೆದುಕೊಂಡು ಇಲಾಖೆಯ ಕಚೇರಿಗೆ ಹೋದಳು. ಮಾವನನ್ನು ಬಾಗಿಲ ಹತ್ತಿರದ ಬೆಂಚಿನಲ್ಲಿ ಕೂರಿಸಿ, ಸಾಲಿನಲ್ಲಿ ನಿಂತು, ಕೊನೆಗೆ ಗಾಜಿನ ಆಚೆ ಕೂತ ಅಧಿಕಾರಿಯ ಮುಂದೆ ಬಂದಳು. ನಡುವಯಸ್ಸಿನ ಮನುಷ್ಯ, ಕೆಟ್ಟವನಲ್ಲ. ಅವಳು ಹೇಳುವುದನ್ನೆಲ್ಲ ಕೇಳಿದ.

"ತಪ್ಪು ಹೇಳಿದ್ದು ನಾನು ಸರ್. ಕೇಳಿದ್ದಕ್ಕೆಲ್ಲ ಅಪರೂಪಕ್ಕೆ, ಇಲ್ಲ ಅಂದೆ. ಯಾವಾಗಲೂ ಅನ್ಬೇಕಿತ್ತು. ಅಷ್ಟು ತಿದ್ದಿಕೊಡಿ ಸಾಕು."

"ನಾನು ತಿದ್ದೋಕಾಗಲ್ಲಮ್ಮ. ಅಂಕ ಕೊಡೋದು ಅಲ್ಗಾರಿದಮ್ಮು."

"ಅವರನ್ನ ಕರೀರಿ, ಅವರ ಹತ್ರಾನೇ ಮಾತಾಡ್ತೀನಿ."

ಅಧಿಕಾರಿ ನಗಲಿಲ್ಲ, ಅದು ಅವನ ದೊಡ್ಡಗುಣ. "ಅದು ಮನುಷ್ಯರಲ್ಲಮ್ಮ, ಲೆಕ್ಕ. ಉತ್ತರ ಒಳಗೆ ಹೋಗುತ್ತೆ, ಅಂಕ ಹೊರಗೆ ಬರುತ್ತೆ. ನಡುವೆ ಏನಾಗುತ್ತೆ ಅಂತ ನನಗೂ ಗೊತ್ತಿಲ್ಲ, ನಮ್ಮ ಸಾಹೇಬ್ರಿಗೂ ಗೊತ್ತಿಲ್ಲ."

ಅಷ್ಟರಲ್ಲಿ ಬಾಗಿಲ ಕಡೆ ಏನೋ ಗುಂಪು. ಬೆಂಚಿನಲ್ಲಿ ಶಿಸ್ತಾಗಿ ಕೂತ ಮುದುಕರನ್ನು ನೋಡಿ ಇಲ್ಲಿಯ ಸಿಬ್ಬಂದಿ ಅಂದುಕೊಂಡು ಯಾರೋ ಏನೋ ಕೇಳಿದ್ದಾರೆ. ಅಪರಿಚಿತ ಮುಖ, ಪ್ರಶ್ನೆ, ಇನ್ನೇನು ಬೇಕು? ಮಾವ ಎದ್ದು ನಿಂತು ಎಲ್ಲರಿಗೂ, "ಮೂರನೇ ನಂಬರು, ಮೂರನೇ ನಂಬರು, ಗಾಬರಿಯಾಗಬೇಡಿ, ಇನ್ನೂ ಟೈಮಿದೆ" ಅಂತ ಕೈ ತೋರಿಸುತ್ತಿದ್ದರು. ಜನ ಸಾಲಾಗಿ ಮೂರನೇ ಕೌಂಟರಿಗೆ ಹೋಗುತ್ತಿದ್ದರು. ಅಲ್ಲಿ ಕೂತಿದ್ದ ಹೆಂಗಸು, "ಅಯ್ಯೋ ನನ್ನ ಹತ್ರ ಯಾಕ್ರೀ ಎಲ್ಲ ಬರ್ತೀರಾ!" ಅಂತ ಕೂಗುತ್ತಿದ್ದಳು.

"ಅವರೇನಾ?" ಅಂದ ಅಧಿಕಾರಿ.

"ಅವರೇ. ನೋಡಿ ಸರ್, ಅವರಿಗದು ಪ್ಲಾಟ್‌ಫಾರ್ಮು. ನಿಮಗೇ ಕಾಣ್ತಿದೆಯಲ್ಲ."

ಅಧಿಕಾರಿ ಬಹಳ ಹೊತ್ತು ನೋಡಿದ. "ಕಾಣ್ತಿದೆಯಮ್ಮ. ನನಗೆ ಚೆನ್ನಾಗೇ ಕಾಣ್ತಿದೆ. ಆದ್ರೆ ನನಗೆ ಕಂಡಿದ್ದನ್ನ ತುಂಬೋಕೆ ಇದರಲ್ಲಿ ಜಾಗ ಇಲ್ಲ" ಅಂತ ಪರದೆಯ ಮೇಲೆ ಬೆರಳಿಟ್ಟ. ಕೊನೆಗೆ ಅವನಿಂದ ಆದದ್ದು ಒಂದೇ, ಮರುಪರೀಕ್ಷೆಗೆ ಬರೆದುಕೊಟ್ಟ. ಒಂದು ಸಲ ಮಾತ್ರ ಕೊಡುತ್ತಾರೆ ಅಂತಲೂ ಹೇಳಿದ.

ಅಂತೂ ಸೊಸೆಯ ರಜೆ ಮುಗಿಯುವುದರೊಳಗೆ ಅದೇ ಹುಡುಗಿ ಮತ್ತೆ ಬಂದಳು. ಈ ಸಲ ಮನೆ ಒರೆಸಲಿಲ್ಲ, ರಬ್ಬರ್ ಶೀಟು ಅಡಗಿಸಲಿಲ್ಲ. ಸೊಸೆ ಅವಳನ್ನು ಮೆಟ್ಟಿಲಲ್ಲೇ ತಡೆದು, ಇರುವ ವಿಷಯ ಎಲ್ಲ ಹೇಳಿ, ಕೈ ಮುಗಿದಳು. "ನೀವು ಬಾಗಿಲ ಹಿಂದೆ ಇರಿ ಮೇಡಂ. ಪ್ರಶ್ನೆ ನಾನು ಕೇಳ್ತೀನಿ." ಹುಡುಗಿ ಯೋಚಿಸಿ ಒಪ್ಪಿದಳು. ಕಿವಿ ಮಂದ ಇರುವವರಿಗೆ ಮನೆಯವರು ಪ್ರಶ್ನೆ ಮತ್ತೆ ಹೇಳಬಹುದು ಅಂತ ನಿಯಮ ಇದೆ, ಅದರಡಿ ಬರುತ್ತದೆ ಅಂದಳು.

"ಮಾವ, ಇವತ್ತು ಯಾವ ವಾರ?"

"ಹೂಂ."

"ನಾವು ಎಲ್ಲಿದ್ದೀವಿ ಮಾವ?"

"ಅವನು ಬಂದನಾ?"

ಗಡಿಯಾರ ಬಿಡಿಸಿ ಅಂದರೆ ಪೆನ್ಸಿಲ್ಲನ್ನು ಜೇಬಿಗಿಟ್ಟುಕೊಂಡರು. ಗುಂಡಿ ಬಿಚ್ಚಿ ಅಂದರೆ ಅವಳ ಮುಖ ನೋಡಿದರು. ಬಚ್ಚಲು ತೋರಿಸಿ ಅಂದರೆ ಎದ್ದು ಹೋಗಿ ಬೀರುವಿನ ಬಾಗಿಲು ತೆಗೆದು ನಿಂತರು. ಒಂದೊಂದು ಸೋಲಿಗೂ ಸೊಸೆಯ ಎದೆಯಲ್ಲಿ ಸಂತೋಷವಾಗುತ್ತಿತ್ತು, ಆ ಸಂತೋಷಕ್ಕೆ ತನ್ನ ಮೇಲೇ ಹೇಸಿಗೆಯಾಗುತ್ತಿತ್ತು. ಆಮೇಲೆ ತನ್ನ ಪಾಲಿನ ಪ್ರಶ್ನೆಗಳಿಗೆ, ಮಾವನ ಎದುರಿಗೇ, ಎಲ್ಲದಕ್ಕೂ "ಯಾವಾಗಲೂ" ಅಂದಳು. ಹಾಸಿಗೆ, ಬೆಂಕಿ, ಬೀದಿ, ಎಲ್ಲ. ಮಾವ ಕೇಳುತ್ತಾ ಕೂತಿದ್ದರು. ಕೊನೆಯಲ್ಲಿ ಅವರ ತಲೆ ಸ್ವಲ್ಪ ಬಾಗಿತು. ಅರ್ಥವಾಗಿ ಬಾಗಿತೋ, ತೂಕಡಿಕೆಗೆ ಬಾಗಿತೋ, ಸೊಸೆ ಕೇಳಲಿಲ್ಲ. ಹುಡುಗಿ ಕಣ್ಣೊರೆಸಿಕೊಂಡು, "ಚಿಂತೆ ಮಾಡ್ಬೇಡಿ ಮೇಡಂ, ಇಷ್ಟು ಕಡಿಮೆ ಅಂಕ ನಾನು ನೋಡೇ ಇಲ್ಲ, ಸಹಾಯ ಬಂದೇ ಬರುತ್ತೆ" ಅಂದಳು.

ಬರಲಿಲ್ಲ. ಈ ಸಲ ಸಂದೇಶಕ್ಕೆ ಮುಂಚೆ ಹುಡುಗಿಯ ಫೋನೇ ಬಂತು. ಮಾತು ಮೆಲ್ಲಗಿತ್ತು. ಕಂಪ್ಯೂಟರ್ ಎರಡು ಪರೀಕ್ಷೆಗಳನ್ನು ಪಕ್ಕಪಕ್ಕ ಇಟ್ಟು ನೋಡಿದೆ. ಇಷ್ಟು ಬೇಗ ಯಾರೂ ಇಷ್ಟೊಂದು ಕೆಡುವುದಿಲ್ಲವಂತೆ. ಸಹಾಯ ಪಡೆಯಲು ಸುಳ್ಳು ಉತ್ತರ ಕೊಡಿಸಿರುವ ಸಂಶಯ ಅಂತ ಗುರುತು ಹಾಕಿದೆ. ಮೊದಲಿನ ಅಂಕವೇ ಅಂತಿಮ. ಇನ್ನು ಒಂದು ವರ್ಷ ಕೇಳುವ ಹಾಗಿಲ್ಲ.

"ಸುಳ್ಳು ಹೇಳಿದ್ದು ಮೊದಲ ಸಲ ಕಣಮ್ಮ!" ಸೊಸೆ ಬೀದಿಯಲ್ಲೇ ಕಿರುಚಿದಳು. "ಆಗ ನಂಬಿತಲ್ಲ! ನಿಜ ಹೇಳಿದಾಗ ಯಾಕೆ ನಂಬಲ್ಲ?"

"ನಾನು ಬರೆದೆ ಮೇಡಂ, ನಾನೇ ಕಣ್ಣಾರೆ ನೋಡಿದ್ದೀನಿ ಅಂತ ಬರೆದೆ. ಅದನ್ನ ಅದು ಓದಲ್ಲ" ಅಂದಳು ಹುಡುಗಿ. ಅವಳೂ ಅಳುತ್ತಿದ್ದಳು. ಅವಳ ಅಳು ತೆಗೆದುಕೊಂಡು ಏನು ಮಾಡುವುದು? ಬೈಯೋಣ ಅಂದರೆ ಯಾರನ್ನು? ಗುದ್ದೋಣ ಅಂದರೆ ಯಾವ ಗೋಡೆಗೆ? ಸೊಸೆಯ ಬಲಗಾಲು ಸುಮ್ಮನೆ ನೆಲವನ್ನು ಒತ್ತುತ್ತಿತ್ತು, ಅಲ್ಲಿ ಏನೂ ಇರಲಿಲ್ಲ.

ಕೆಲಸ ಬಿಡುವಂತಿಲ್ಲ, ಬಿಟ್ಟರೆ ಇಬ್ಬರೂ ತಿನ್ನುವುದೇನು? ದೊಡ್ಡ ಕೇಂದ್ರಕ್ಕೆ ಸೇರಿಸೋಣ ಅಂದರೆ ಸ್ವಾವಲಂಬಿಗಳಿಗೆ ಅಲ್ಲಿ ಜಾಗವಿಲ್ಲ, ಅದಕ್ಕೂ ಅದೇ ಅಂಕ. ಸೇರಿಸುವ ಮನಸ್ಸೂ ಅವಳಿಗಿರಲಿಲ್ಲ ಅನ್ನುವುದು ಬೇರೆ ಮಾತು. ಹಾಗಾಗಿ ಅವಳು ಮಾಡಿದ್ದು, ಮಾಡುವುದಿಲ್ಲ ಅಂತ ಅತ್ತೆಯ ಫೋಟೋ ಮುಂದೆ ಆಣೆ ಇಟ್ಟಿದ್ದ ಕೆಲಸವನ್ನೇ. ಬೆಳಿಗ್ಗೆ ಗ್ಯಾಸಿನ ರೆಗ್ಯುಲೇಟರ್ ಕಳಚಿ ಬ್ಯಾಗಿಗೆ ಹಾಕಿಕೊಂಡು, ಮೇಜಿನ ಮೇಲೆ ಊಟ ಮುಚ್ಚಿಟ್ಟು, ಮಾವನನ್ನು ಕಿಟಕಿಯ ಪಕ್ಕ ಕೂರಿಸಿ, ಹೊರಗಿನಿಂದ ಬೀಗ ಹಾಕಿಕೊಂಡು ಹೋದಳು. ಮೆಟ್ಟಿಲಿಳಿಯುವಾಗ ಒಳಗಿನಿಂದ ಬಾಗಿಲ ಹಿಡಿಕೆ ಅಲುಗಾಡುವ ಸದ್ದು ಕೇಳಿಸುತ್ತಿತ್ತು. ಬಡಿಯುವುದಿಲ್ಲ, ಕೂಗುವುದಿಲ್ಲ, ಮೆಲ್ಲಗೆ ಅಲುಗಾಡಿಸುತ್ತಾರೆ. ಕಲಿಯುವವರು ಈಚೆಗೆ ದೂರು ಹೇಳುತ್ತಿದ್ದರು, ಟೀಚರ್ ಏನೂ ಇಲ್ಲದ ರಸ್ತೆಯಲ್ಲೂ ಬ್ರೇಕ್ ಹಾಕ್ತಾರೆ ಅಂತ.

ಎರಡು ಪಾಠಗಳ ನಡುವೆ ಬಿಡುವು ಸಿಕ್ಕಾಗೆಲ್ಲ ಓಡಿ ಬಂದು ನೋಡಿ ಹೋಗುತ್ತಿದ್ದಳು. ಒಂದು ಮಧ್ಯಾಹ್ನ ಹಾಗೇ ಬಂದು ಬೀಗ ತೆಗೆದಳು. ದಿನಾ ಆದರೆ ಮೂಗಿಗೆ ಮೊದಲು ಮೂತ್ರದ ವಾಸನೆ ಬಡಿಯುತ್ತದೆ, ಆಮೇಲೆ ಹಿಡಿಕೆಯ ಹತ್ತಿರ ಮಾವ ಎದುರಾಗುತ್ತಾರೆ. ಅವತ್ತು ಮಾವ ಮೇಜಿನ ಮುಂದೆ ನೆಟ್ಟಗೆ ಕೂತಿದ್ದರು. ಅಂಗಿಯ ಗುಂಡಿಗಳೆಲ್ಲ ಸರಿಯಾಗಿದ್ದವು. ಅವಳನ್ನು ನೋಡಿ ಅವರ ಕಣ್ಣಿಗೆ ಬೆಳಕು ಬಂತು.

"ಬನ್ನಿ ಮೇಡಂ" ಅಂದರು. "ಲಿಫ್ಟ್ ಕೆಟ್ಟಿದೆ, ನಿಮಗೆ ತೊಂದ್ರೆ ಆಯ್ತು ಅನ್ಸುತ್ತೆ."

ಯಾರೋ ತನ್ನ ಹಿಂದೆಯೇ ಬಂದಿದ್ದಾರೆ ಅಂದುಕೊಂಡು ಸೊಸೆ ತಿರುಗಿ ನೋಡಿದಳು. ಮೆಟ್ಟಿಲ ಮೇಲೆ ಯಾರೂ ಇರಲಿಲ್ಲ.

"ಮಾವ, ನಾನು."

"ಕೂತ್ಕೊಳ್ಳಿ, ನಿಂತೇ ಇದ್ದೀರಲ್ಲ. ಏನು ಕೇಳಬೇಕು ಕೇಳಿ."

ಅವಳು ಎದುರಿನ ಕುರ್ಚಿಯಲ್ಲಿ ಕೂತಳು. ಬೇಡ, ಕೇಳಬೇಡ ಅಂತ ಮನಸ್ಸು ಕೂಗಿಕೊಳ್ಳುತ್ತಿತ್ತು. ಬಾಯಿ ಕೇಳಿತು.

"ಇವತ್ತು ಯಾವ ವಾರ?"

"ಗುರುವಾರ."

ಗುರುವಾರವೇ.

"ಒಂದೇ ಒಂದು ಸಲ ಹೂಂ ಅನ್ನಿ ಮಾವ" ಅಂದಳು. ಅವಳ ದನಿ ಅವಳಿಗೇ ಕೇಳಿಸಲಿಲ್ಲ. ಮಾವ ವಿನಯದಿಂದ ಮುಂದಕ್ಕೆ ಬಾಗಿದರು, ಗಾಜಿನ ಆಚೆಯವರ ಮಾತು ಸರಿಯಾಗಿ ಕೇಳಿಸದಿದ್ದರೆ ಬಾಗುವ ಹಾಗೆ.

"ಮಕ್ಕಳೆಷ್ಟು ಸರ್?" ಅಂದಳು.

"ಒಬ್ಬನೇ ಮಗ. ಹೋಗಿಬಿಟ್ಟ. ಸೊಸೆ ಇದ್ದಾಳೆ, ಬಿಟ್ಟು ಹೋಗಲಿಲ್ಲ ಪಾಪ. ನಾನು ಮನೇಲಿ ಅಷ್ಟು ಮಾತಾಡೋನಲ್ಲ ಮೇಡಂ, ಅವಳಿಗೆ ಹೇಳಿಲ್ಲ. ಬಹಳ ಒಳ್ಳೇ ಹುಡುಗಿ."

ಅವಳು ಎರಡೂ ಕೈಯಲ್ಲಿ ಬಾಯಿ ಮುಚ್ಚಿಕೊಂಡಳು. ಕೆಳಗೆ ಡ್ರೈವಿಂಗ್ ಸ್ಕೂಲಿನ ಗಾಡಿ ಹಾರ್ನ್ ಮಾಡುತ್ತಿತ್ತು, ಮುಂದಿನ ಪಾಠದವರು ಕಾಯುತ್ತಿದ್ದರು.

"ಅವಳು ಎಷ್ಟು ಹೊತ್ತಿಗೆ ಬರ್ತಾಳೆ?" ಅಂತ ಕೊನೆಗೆ ಕೇಳಿದಳು.

ಮಾವ ಗೋಡೆಯ ಗಡಿಯಾರ ನೋಡಿ, ಬಾಗಿಲು ನೋಡಿ, ಅವಳನ್ನು ನೋಡಿ ಸಮಾಧಾನದ ನಗು ನಕ್ಕರು. "ಬರೋ ಹೊತ್ತಾಯ್ತು. ಸ್ವಲ್ಪ ತಡ ಇದೆ ಅಷ್ಟೆ. ಇಲ್ಲೇ ಕಾಯ್ತಾ ಇರಿ" ಅಂದರು.